ದೂರು ಸಂಖ್ಯೆ ನಾನೂರ ಹದಿನೇಳು

ನೀರು ಸರಬರಾಜು ಮಂಡಳಿಯ ವ್ಯಾಪ್ತಿಯಲ್ಲಿ ಕಳೆದ ಇಪ್ಪತ್ತೇಳು ವರ್ಷಗಳಿಂದ, ದೂರು ಬಾರದ ಒಂದೇ ಒಂದು ಕೊಳವೆಯೂ ಕೆಟ್ಟಿಲ್ಲ. ಇದು ಬಾಯಿಮಾತಲ್ಲ, ಕಡತಗಳಿಂದ ಸಾಬೀತಾದ ಸಂಗತಿ. ಮಂಡಳಿಯ ಹದಿನಾಲ್ಕನೇ ನಿಯಮದ ಪ್ರಕಾರ "ದೂರು ಬಾರದ ಕೊಳವೆಯು ಸುಸ್ಥಿತಿಯಲ್ಲಿದೆಯೆಂದು ಭಾವಿಸತಕ್ಕದ್ದು." ಹಾಗೆ ಭಾವಿಸುವ ಕೆಲಸವನ್ನು ಇಪ್ಪತ್ತೇಳು ವರ್ಷವೂ ಒಂದು ದಿನ ರಜೆ ಹಾಕದೆ ಮಾಡಿದವರು ದೂರು ವಿಭಾಗದ ಹೆಡ್ ಕ್ಲರ್ಕು.

ಒಮ್ಮೆ ಪೇಟೆ ಬೀದಿಯ ದೊಡ್ಡ ಕೊಳವೆಯಿಂದ ನೀರು ಚಿಮ್ಮಿ ಮೂರನೇ ಮಹಡಿಯ ತನಕ ಏರಿತು. ಹತ್ತೊಂಬತ್ತು ದಿನ ಏರಿಯೇ ಇತ್ತು. ಬೀದಿಯವರು ಕಿಟಕಿಯಿಂದಲೇ ಬಿಂದಿಗೆ ಚಾಚಿ ಹಿಡಿದುಕೊಂಡರು, ಬಾಲ್ಕನಿಯಲ್ಲಿ ನಿಂತು ಬಟ್ಟೆ ಜಾಲಿಸಿದರು. ಕೆಳಗೆ ಕೆರೆಯೇ ಆಯಿತು. ಎಲ್ಲಿಂದಲೋ ಬಾತುಕೋಳಿಗಳು ಬಂದು ಮೊಟ್ಟೆಯಿಟ್ಟು ಸಂಸಾರ ಹೂಡಿದವು. ಹೆಡ್ ಕ್ಲರ್ಕು ದಿನಕ್ಕೆರಡು ಸಲ, ಸುಡುಬಿಸಿಲಲ್ಲಿ ಕೊಡೆ ಬಿಚ್ಚಿಕೊಂಡು, ಪ್ಯಾಂಟು ಮೊಣಕಾಲಿಗೆ ಮಡಚಿಕೊಂಡು ಅದರಡಿಯಲ್ಲೇ ಹಾದುಹೋದರು. ದೂರು ಬಂದಿರಲಿಲ್ಲ, ಆದ್ದರಿಂದ ಕೊಳವೆ ಸುಸ್ಥಿತಿಯಲ್ಲಿತ್ತು. ಇಪ್ಪತ್ತನೇ ದಿನ ಮೂರನೇ ಮಹಡಿಯ ಅಜ್ಜಿಯೊಬ್ಬರು, ನೀರು ಈಚೆಗೆ ತಮ್ಮ ಕಿಟಕಿಯವರೆಗೆ ಏರುತ್ತಿಲ್ಲ ಎಂದು ಲಿಖಿತ ದೂರು ಕೊಟ್ಟರು. ಆಗ ಕೊಳವೆ ಕೆಟ್ಟಿತು. ಏಳು ದಿನದೊಳಗೆ ದುರಸ್ತಿಯೂ ಆಯಿತು.

ಏಳು ದಿನವೆಂದರೆ ಏಳೇ ದಿನ; ಅದು ಮೀರಿದರಷ್ಟೇ ಕಡತ ಬಾಕಿ. ಅವರ ಮೇಜಿನ ಹಿಂದಿನ ಗೋಡೆಯಲ್ಲಿ ಒಂದು ಕಪ್ಪು ಹಲಗೆ. ಅದರ ಮೇಲೆ ದಿನಾ ಸಂಜೆ ಸೀಮೆಸುಣ್ಣದಲ್ಲಿ ಅವರೇ ದುಂಡಗೆ ಬರೆಯುತ್ತಿದ್ದರು: "ಬಾಕಿ ಕಡತಗಳು: ಸೊನ್ನೆ." ಬೇರೆ ಊರುಗಳ ಮಂಡಳಿಗಳಿಂದ ಅಧಿಕಾರಿಗಳು ಬಂದು ಆ ಸೊನ್ನೆಯ ಪಕ್ಕ ನಿಂತು ಫೋಟೋ ತೆಗೆಸಿಕೊಂಡು ಹೋಗಿದ್ದಾರೆ. ಇಷ್ಟು ದುಂಡನೆಯ ಸೊನ್ನೆ ಎಲ್ಲೂ ಇಲ್ಲವೆಂದು ಸಂದರ್ಶಕರ ಪುಸ್ತಕದಲ್ಲಿ ಬರೆದಿದ್ದಾರೆ.

ಇಂಥ ಮನುಷ್ಯರು ತಮ್ಮ ದೇಹಕ್ಕೆ ಮಾತ್ರ ಬೇರೆ ನಿಯಮ ಹಚ್ಚುವುದು ನ್ಯಾಯವಲ್ಲವಷ್ಟೆ.

ಅವರಿಗೆ ಆಗ ಐವತ್ತು. ಅವರ ತಂದೆ ಐವತ್ತೆರಡಕ್ಕೆ, ಪೇಪರಿನ ನಾಲ್ಕನೇ ಪುಟ ಓದುತ್ತಾ ಕೂತವರು ಐದನೇ ಪುಟ ತಿರುವಲಿಲ್ಲ. ಅಣ್ಣ ಐವತ್ತೊಂದಕ್ಕೆ, ಬೂಟಿನ ದಾರ ಕಟ್ಟಲು ಬಗ್ಗಿದವರು ಎಡಗಾಲಿನದಷ್ಟೇ ಕಟ್ಟಿದರು. ಇಬ್ಬರಿಗೂ ಹಿಂದಿನ ದಿನದವರೆಗೆ ಒಂದು ನೆಗಡಿಯೂ ಇರಲಿಲ್ಲ. ಇದನ್ನೆಲ್ಲ ಬಲ್ಲ ಮನೆಯ ಡಾಕ್ಟರಮ್ಮ, ಒಂದು ದಿನ ಮಗಳ ಕೆಮ್ಮಿಗೆ ಔಷಧಿ ಒಯ್ಯಲು ಬಂದ ಹೆಡ್ ಕ್ಲರ್ಕನ್ನೇ ಹಿಡಿದು ಕೂರಿಸಿ ತೋಳಿಗೆ ಪಟ್ಟಿ ಸುತ್ತಿದರು. ಬಿಪಿ ನೂರೈವತ್ತು ದಾಟಿತ್ತು. ರಕ್ತ ಪರೀಕ್ಷೆಯಲ್ಲಿ ಕೊಲೆಸ್ಟರಾಲ್ ಇರಬೇಕಾದ್ದಕ್ಕಿಂತ ಬಹಳ ಮೇಲಿತ್ತು. ಸಕ್ಕರೆ ಗಡಿಯ ಆಚೆಗೆ ಒಂದು ಕಾಲಿಟ್ಟು ನಿಂತಿತ್ತು. ಸಿಗರೇಟಿನ ವಿಷಯದಲ್ಲಿ ಅವರು ಹೆಂಡತಿಗೆ ದಿನಕ್ಕೆ ಎರಡು ಎಂದಿದ್ದರು, ಡಾಕ್ಟರಮ್ಮನಿಗೆ ನಾಲ್ಕು ಎಂದರು. ಕಚೇರಿಯ ಪಂಪ್‌ಹೌಸಿನ ಹಿಂದೆ ಬಿದ್ದ ತುಂಡುಗಳು ಎಂಟು ಎನ್ನುತ್ತಿದ್ದವು.

ಡಾಕ್ಟರಮ್ಮ ಹೃದಯಕ್ಕೆ ರಕ್ತ ಒಯ್ಯುವ ನಾಳಗಳ ಚಿತ್ರ ಬಿಡಿಸಿ, ಅವುಗಳ ಗೋಡೆಯಲ್ಲಿ ಸದ್ದಿಲ್ಲದೆ ಜಿಡ್ಡು ಸೇರುತ್ತದೆ, ವರ್ಷಗಟ್ಟಲೆ ಗೊತ್ತೇ ಆಗುವುದಿಲ್ಲ, ಆ ಜಿಡ್ಡಿನಲ್ಲಿ ಸುಣ್ಣ ಕಟ್ಟಿದ್ದರೆ ಒಂದು ಸ್ಕ್ಯಾನಿನಲ್ಲಿ ಕಾಣುತ್ತದೆ ಎಂದು ವಿವರಿಸಿದರು.

"ಎದೆನೋವಿಲ್ಲ, ಸುಸ್ತಿಲ್ಲ, ಉಬ್ಬಸ ಇಲ್ಲ. ಮತ್ತೆ ಏನನ್ನ ನೋಡ್ತೀರಿ ಡಾಕ್ಟ್ರೇ?"

"ಏನೂ ಇಲ್ಲದಿರೋವಾಗಲೇ ನೋಡೋದು. ನಿಮ್ಮಣ್ಣನಿಗೂ ಏನೂ ಇರಲಿಲ್ಲ."

ಹೆಡ್ ಕ್ಲರ್ಕು ವಿನಯದಿಂದ, ಸಂಬಂಧಪಟ್ಟ ಅಂಗದಿಂದ ಲಿಖಿತವಾಗಿ ಏನೂ ಬಂದಿಲ್ಲವೆಂದೂ, ಬಾರದ ಹೊರತು ತಪಾಸಣೆಗೆ ಅವಕಾಶವಿಲ್ಲವೆಂದೂ ತಿಳಿಸಿದರು. ಡಾಕ್ಟರಮ್ಮ ಬರೆದುಕೊಟ್ಟ ಸ್ಕ್ಯಾನ್ ಚೀಟಿಯನ್ನು ಮನೆಗೆ ತಂದು, ಎಂಟು ಮಡಿಕೆ ಮಾಡಿ, ಅಲ್ಲಾಡುತ್ತಿದ್ದ ಊಟದ ಮೇಜಿನ ಕಾಲಡಿಗೆ ಸೇರಿಸಿದರು. ಮೇಜು ಅಲ್ಲಾಡುವುದು ನಿಂತಿತು. ಚೀಟಿ ಕೊಟ್ಟದ್ದು ವ್ಯರ್ಥವಾಗಲಿಲ್ಲವೆಂದು ಅವರಿಗೆ ಸಮಾಧಾನವಾಯಿತು.

ಕಸ ಗುಡಿಸುವಾಗ ಅದು ಸಿಕ್ಕಿದ್ದು ಹೆಂಡತಿಗೆ. ಆಕೆ ಹೈಸ್ಕೂಲಿನಲ್ಲಿ ಗಣಿತದ ಟೀಚರ್. ಉತ್ತರ ಸರಿಯಿದ್ದರೂ ಹಂತ ಬರೆಯದವರಿಗೆ ಅಂಕ ಕೊಡದವರು. ಮೂರು ತಿಂಗಳು ಆಕೆ ಬೇಡಿಕೊಂಡರು, ಸಿಟ್ಟಾದರು, ಮಾತು ಬಿಟ್ಟರು, ಸಾರಿಗೆ ಉಪ್ಪು ಹಾಕುವುದನ್ನೂ ಬಿಟ್ಟರು. ಗಂಡನ ಉತ್ತರ ಒಂದೇ: "ದೂರು ಬರಲಿ ಕಣೇ, ನೋಡೋಣ." ಕೊನೆಗೊಂದು ದಿನ, ಹೋಂವರ್ಕ್ ತಿದ್ದುತ್ತಿದ್ದವರಿಗೆ ತಮ್ಮ ಲೆಕ್ಕ ಎಲ್ಲಿ ತಪ್ಪಿತೆಂದು ಹೊಳೆಯಿತು. ಇಷ್ಟು ದಿನ ತಾವು ಮಾತಾಡುತ್ತಿದ್ದದ್ದು ಗಂಡನ ಹತ್ತಿರ. ಮಾತಾಡಬೇಕಾಗಿದ್ದದ್ದು ಹೆಡ್ ಕ್ಲರ್ಕಿನ ಹತ್ತಿರ.

ಮುಂದಿನ ಮಂಗಳವಾರ ಆಕೆ ಅರ್ಧ ದಿನ ರಜೆ ಹಾಕಿ, ಮಂಡಳಿಯ ದೂರು ಕೌಂಟರಿನ ಸಾಲಿನಲ್ಲಿ ಹನ್ನೊಂದನೆಯವರಾಗಿ ನಿಂತರು. ಕೌಂಟರಿನೊಳಗೆ ಹೆಡ್ ಕ್ಲರ್ಕೇ ಇದ್ದರು. ಕಚೇರಿಯ ವೇಳೆಯಲ್ಲಿ ಅವರಿಗೆ ಸಂಬಂಧಿಕರಿರಲಿಲ್ಲ. ಅವರು ತಲೆಯೆತ್ತಿ ನೋಡಿದರು, ಕನ್ನಡಕ ಸರಿಮಾಡಿಕೊಂಡರು.

"ಏನಮ್ಮ ದೂರು?"

"ಕೊಳವೆ ಸಾರ್. ಮುಖ್ಯವಾದವು ಮೂರು. ಒಳಗೆ ಕಟ್ಟಿಕೊಂಡಿರಬಹುದು ಅಂತ ಅನುಮಾನ."

"ಹರಿವು ನಿಂತಿದೆಯಾ?"

"ಇಲ್ಲ ಸಾರ್, ಚೆನ್ನಾಗಿ ಹರೀತಿದೆ."

"ಹರೀತಿದ್ದರೆ ದೂರು ಹೇಗಾಗುತ್ತಮ್ಮ? ನಿಂತ ಮೇಲೆ ಬನ್ನಿ."

"ನಿಂತ ಮೇಲೆ ದೂರು ಕೊಡೋಕೆ ನಾನಿರ್ತೀನಿ ಸಾರ್. ತೊಗೊಳ್ಳೋಕೆ ನೀವಿರಲ್ಲ."

ಸಾಲಿನಲ್ಲಿದ್ದವರು ಇದರಲ್ಲೂ ಏನೋ ನಿಯಮವಿರಬೇಕೆಂದು ತಮ್ಮ ತಮ್ಮ ಅರ್ಜಿಗಳನ್ನು ಮತ್ತೊಮ್ಮೆ ತಿರುವಿ ನೋಡಿದರು. ಹೆಡ್ ಕ್ಲರ್ಕು ಆಕೆ ತುಂಬಿ ತಂದಿದ್ದ ದೂರಿನ ನಮೂನೆ ಒಂಬತ್ತನ್ನು ಕೈಗೆ ತೆಗೆದುಕೊಂಡು ತಪ್ಪು ಹುಡುಕತೊಡಗಿದರು. ನೀಲಿ ಶಾಯಿ, ಸರಿ. ಎರಡು ಪ್ರತಿ, ಸರಿ. ಕೊಳವೆಯ ವಿಳಾಸ: "ತಮ್ಮ ಅಂಗಿಯ ಎಡಜೇಬಿನ ಹಿಂದೆ." ಸಂಪರ್ಕ ಪಡೆದು ಎಷ್ಟು ವರ್ಷ: "ಐವತ್ತು." ಇದೇ ಮಾರ್ಗದಲ್ಲಿ ಹಿಂದೆ ಒಡೆದ ಉದಾಹರಣೆಗಳು: "ಎರಡು," ಜೊತೆಗೆ ಮಾವನವರ ಮತ್ತು ಭಾವನವರ ಮರಣ ಪ್ರಮಾಣಪತ್ರಗಳ ದೃಢೀಕೃತ ನಕಲು. ಲಗತ್ತು: ಎಂಟು ಮಡಿಕೆಯ ಗುರುತಿರುವ ಸ್ಕ್ಯಾನ್ ಚೀಟಿ, ಇಸ್ತ್ರಿ ಮಾಡಿದ್ದು.

ಅವರು ಹನ್ನೆರಡನೇ ಕಾಲಮ್ಮಿಗೆ ಬಂದರು. ಇಪ್ಪತ್ತೇಳು ವರ್ಷಗಳಲ್ಲಿ ಅದನ್ನು ಸಾವಿರಾರು ಸಲ ಓದಿ ಟಿಕ್ ಹಾಕಿದ್ದವರು.

"ಈ ಸಂಪರ್ಕವನ್ನು ಅವಲಂಬಿಸಿದವರ ಸಂಖ್ಯೆ: ಮೂವರು (ಹೆಂಡತಿ, ಮಗಳು, ತಾಯಿ)."

ಹದಿಮೂರು. "ಪರ್ಯಾಯ ವ್ಯವಸ್ಥೆ: ಇಲ್ಲ."

ಕೌಂಟರಿನ ಫ್ಯಾನು ನಾಲ್ಕು ಸುತ್ತು ತಿರುಗುವಷ್ಟು ಹೊತ್ತು ಅವರು ಆ "ಇಲ್ಲ"ವನ್ನೇ ನೋಡಿದರು. ಆಮೇಲೆ ಅರ್ಜಿಯಲ್ಲಿ ದೋಷವಿಲ್ಲವೆಂದು ಬರೆದು, ಮೊಹರು ಒತ್ತಿ, ಸ್ವೀಕೃತಿ ಚೀಟಿ ಹರಿದುಕೊಟ್ಟರು. ದೂರು ಸಂಖ್ಯೆ ನಾನೂರ ಹದಿನೇಳು. "ಏಳು ದಿನದೊಳಗೆ ತಪಾಸಣೆ ಆಗುತ್ತಮ್ಮ. ಮುಂದಿನವರು ಬನ್ನಿ."

ಕಡತ ಎಂಜಿನಿಯರ್ ಸಾಹೇಬರ ಮೇಜಿಗೆ ಹೋಯಿತು. ಹೃದಯ ಮಂಡಳಿಯ ವ್ಯಾಪ್ತಿಗೆ ಬರುತ್ತದೆಯೇ ಎಂಬ ಪ್ರಶ್ನೆ ಎದ್ದಿತು. ನಿಯಮಾವಳಿ ತೆಗೆದು ನೋಡಿದರೆ, ದ್ರವ ಹರಿಯುವಂಥ, ಕವಲೊಡೆಯುವಂಥ, ಒಳಗೆ ಕಟ್ಟಿಕೊಳ್ಳುವಂಥ ಎಲ್ಲವೂ ಕೊಳವೆಯೇ ಎಂದಿತ್ತು. ಸಾಹೇಬರು "ಬರುತ್ತದೆ" ಎಂದು ಬರೆದರು. ಸ್ಥಳ ತಪಾಸಣೆಗೆ ಸ್ವತಃ ತಾವೂ, ಅಳತೆ ಟೇಪು ಹಿಡಿಯುವ ಇಬ್ಬರೂ ಸೇರಿ ತಂಡ ರಚನೆಯಾಯಿತು. ಆದರೆ ಸ್ಥಳವು ದಿನಾ ಬೆಳಿಗ್ಗೆ ಹತ್ತಕ್ಕೆ ತಾನಾಗಿಯೇ ಕಚೇರಿಗೆ ನಡೆದು ಬರುತ್ತಿದ್ದುದರಿಂದ ಪ್ರಯಾಣ ಭತ್ಯೆಗೆ ತೊಡಕಾಯಿತು. ಆದ್ದರಿಂದ ಗುರುವಾರ ಸ್ಥಳವು ಮನೆಯಲ್ಲೇ ಇರತಕ್ಕದ್ದೆಂದು ಆದೇಶ ಹೊರಟಿತು. ಹೆಡ್ ಕ್ಲರ್ಕು ಇಪ್ಪತ್ತೇಳು ವರ್ಷಗಳಲ್ಲಿ ಮೊದಲ ರಜೆ ಹಾಕಿ, ಇಸ್ತ್ರಿ ಅಂಗಿ ತೊಟ್ಟು, ಬಾಗಿಲಲ್ಲಿ ಸ್ಥಳವಾಗಿ ನಿಂತರು. ಜೀಪು ಬಂದು ಅವರನ್ನೂ ದೂರುದಾರರನ್ನೂ ಹತ್ತಿಸಿಕೊಂಡು, ಕಚೇರಿಯ ಎದುರೇ ಇದ್ದ ಸ್ಕ್ಯಾನ್ ಕೇಂದ್ರಕ್ಕೆ ಕರೆದೊಯ್ಯಿತು.

ಜೀಪಿನಲ್ಲಿ ಅವರು ಹೆಂಡತಿಯ ಕಡೆ ವಾಲಿ, ಯಾರಿಗೂ ಕೇಳದಂತೆ, "ದಿನಕ್ಕೆರಡಲ್ಲ, ಎಂಟು ಕಣೇ" ಎಂದರು.

"ಗೊತ್ತು," ಎಂದರು ಆಕೆ. "ನಾನು ಪಂಪ್‌ಹೌಸ್ ಹಿಂದೆ ಹೋಗಿ ಎಣಿಸಿ ಬಂದಿದ್ದೆ."

ಈ ನಡುವೆ ಮಂಡಳಿಯ ಕಾಮಗಾರಿಗಳ ಕಂಟ್ರಾಕ್ಟರು ಕೈಕಟ್ಟಿ ಕೂತಿರಲಿಲ್ಲ. ನಾನೂರ ಹದಿನೇಳರ ಸುದ್ದಿ ತಿಳಿದದ್ದೇ ತಡ, ಹೆಡ್ ಕ್ಲರ್ಕಿನ ಖಾಲಿ ಕುರ್ಚಿಯ ಸುತ್ತ ನಾಲ್ಕು ಕೇಸರಿ ಬಣ್ಣದ ಕೋನ್‌ಗಳನ್ನಿಟ್ಟು "ಕಾಮಗಾರಿ ಪ್ರಗತಿಯಲ್ಲಿದೆ, ಅಡಚಣೆಗಾಗಿ ವಿಷಾದಿಸುತ್ತೇವೆ" ಎಂಬ ಫಲಕ ನೆಟ್ಟು, ಇಡೀ ಮಾರ್ಗವನ್ನೇ ಅಗೆದು ಹೊಸ ಕೊಳವೆ ಹಾಕುವ ಅಂದಾಜುಪಟ್ಟಿ ಸಲ್ಲಿಸಿಬಿಟ್ಟಿದ್ದರು. ಎರಡು ಕೊಳವೆ ಹೆಚ್ಚುವರಿಯಾಗಿ, ಮುಂದಿನ ಇಪ್ಪತ್ತು ವರ್ಷದ ಬೇಡಿಕೆಗೆ.

ಸ್ಕ್ಯಾನ್ ಹತ್ತು ನಿಮಿಷದಲ್ಲಿ ಮುಗಿಯಿತು. ಪರದೆಯ ಮೇಲೆ, ಕಪ್ಪು ಹಿನ್ನೆಲೆಯಲ್ಲಿ, ಎರಡು ನಾಳಗಳ ಗುಂಟ ಬಿಳಿಯ ಚುಕ್ಕೆಗಳು. ಗಾಜಿನಾಚೆಯಿಂದ ನೋಡುತ್ತಿದ್ದ ಎಂಜಿನಿಯರ್ ಸಾಹೇಬರು ಆ ದಿನ ಮೊದಲ ಸಲ ಭತ್ಯೆಯನ್ನು ಮರೆತರು. "ಅಯ್ಯೋ, ಇದು ಪೇಟೆ ಬೀದಿ ಲೈನಿನ ಥರಾನೇ ಇದೆಯಲ್ರೀ. ಒಡೆಯೋ ತನಕ ಹೊರಗೆ ಏನೂ ಕಾಣಿಸಿರಲಿಲ್ಲ."

ಡಾಕ್ಟರಮ್ಮ ವರದಿ ನೋಡಿ ಉಸಿರು ಬಿಟ್ಟರು. ಸುಣ್ಣದ ಅಂಕ ವಯಸ್ಸಿಗೆ ಮೀರಿ ಹೆಚ್ಚಿತ್ತು. ಆದರೆ ಹರಿವಿಗೆ ಅಡ್ಡಿಯಾದ ಲಕ್ಷಣ ಇನ್ನೂ ಇರಲಿಲ್ಲ. ಅಗೆಯುವ ಅಗತ್ಯವಿಲ್ಲ, ಮೇಲಿಂದ ಒಳಗೆ ಬಿಡುವುದನ್ನು ಸರಿಮಾಡಿದರೆ ಸಾಕು: ದಿನಾ ಮಾತ್ರೆ, ಉಪ್ಪು ಕಡಿಮೆ, ಸಿಗರೇಟು ಸೊನ್ನೆ, ಬೆಳಿಗ್ಗೆ ಮುಕ್ಕಾಲು ಗಂಟೆ ನಡಿಗೆ. "ಒಳ್ಳೇ ಹೊತ್ತಿಗೆ ಬಂದ್ರಿ," ಎಂದರು. ಅಂದಾಜುಪಟ್ಟಿ ಹಿಡಿದು ಬಂದಿದ್ದ ಕಂಟ್ರಾಕ್ಟರಿಗೆ ಈ ಸುದ್ದಿ ತೀವ್ರ ಆಘಾತ ತಂದಿತು. ಅವರ ಬಿಪಿಯನ್ನೂ ಅಲ್ಲೇ ನೋಡಲಾಗಿ, ಅವರಿಗೂ ಒಂದು ಚೀಟಿ ಬರೆದುಕೊಡಲಾಯಿತು.

ಏಳನೇ ದಿನದ ಸಂಜೆ ಹೆಡ್ ಕ್ಲರ್ಕು ಕಡತ ಮುಗಿಸಲು ಕೂತರು. ನಿಯಮದಂತೆ, ದೂರುದಾರರು "ಸಮಸ್ಯೆ ಬಗೆಹರಿದಿದೆ" ಎಂದು ಸಹಿ ಹಾಕಬೇಕಿತ್ತು. ದೂರುದಾರರು ಬಂದರು, ಸಾಲಿನಲ್ಲಿ ನಿಂತರು, ಕಡತ ಓದಿದರು, ಪೆನ್ನಿನ ಮುಚ್ಚಳ ಹಾಕಿದರು.

"ಬಗೆಹರಿದಿಲ್ಲ ಸಾರ್. ದಿನಾ ಮಾತ್ರೆ ನುಂಗ್ತಾ, ದಿನಾ ನಡೀತಾ ಇದ್ದರೆ ತಡೆಹಿಡಿಯಬಹುದು, ಅಷ್ಟೆ. ಬಾಕಿ ಇಡಿ."

"ಎಷ್ಟು ದಿನ ಅಮ್ಮ?"

"ನಾನಿರೋ ತನಕ."

ಹೆಡ್ ಕ್ಲರ್ಕು ಎದ್ದು ಹಲಗೆಯ ಹತ್ತಿರ ಹೋದರು. ಇಡೀ ವಿಭಾಗ ಕೆಲಸ ಬಿಟ್ಟು ನೋಡಿತು. ಅವರು ಆ ಪ್ರಸಿದ್ಧ ಸೊನ್ನೆಯನ್ನು ಒರೆಸಿ, ಅಷ್ಟೇ ಮುತುವರ್ಜಿಯಿಂದ ಬರೆದರು: "ಬಾಕಿ ಕಡತಗಳು: ಒಂದು."

ಆಮೇಲೆ ಮಂಡಳಿಯು ನಮೂನೆ ಒಂಬತ್ತು-ಎಯನ್ನು ಜಾರಿಗೆ ತಂದಿತು. ಇದರ ಹೆಸರು "ದೂರಿಲ್ಲದ ದೂರು." ನಲವತ್ತು ದಾಟಿದ ಪ್ರತಿಯೊಬ್ಬ ನೌಕರರ ಮೇಲೂ ಅವರ ಮನೆಯವರು ವರ್ಷಕ್ಕೊಮ್ಮೆ, ಏನೂ ಆಗಿಲ್ಲವೆಂದು ದೂರು ಕೊಡತಕ್ಕದ್ದು. ಏನಾದರೂ ಆಗಿದ್ದರೆ ಈ ನಮೂನೆ ಅನ್ವಯಿಸುವುದಿಲ್ಲ. ಮಂಗಳವಾರ ಈಗ ಸಾಲು ಗೇಟಿನಾಚೆಗೆ ಹೋಗುತ್ತದೆ. ಎಂಜಿನಿಯರ್ ಸಾಹೇಬರ ಮೇಲೆ ಅವರ ತಾಯಿಯೇ ದೂರು ಕೊಟ್ಟರು. ಸಾಹೇಬರ ಸಕ್ಕರೆ ಸಿಕ್ಕಿಬಿತ್ತು. ಟೇಪು ಹಿಡಿಯುವವರಲ್ಲಿ ಒಬ್ಬ ಬ್ರಹ್ಮಚಾರಿ, ದೂರು ಕೊಡುವವರಿಲ್ಲದೆ ನೊಂದು, ಅದೇ ಸಾಲಿನಲ್ಲಿ ಪರಿಚಯವಾದವರನ್ನು ಮದುವೆಯಾದ. ಕೊಳವೆಗಳ ವಿಷಯದಲ್ಲಿ ಮಾತ್ರ ಹದಿನಾಲ್ಕನೇ ನಿಯಮ ಹಾಗೇ ಇದೆ. ಅದನ್ನು ಬದಲಿಸಬೇಕೆಂದು ಯಾರೂ ದೂರು ಕೊಟ್ಟಿಲ್ಲ.

ಕೋನ್‌ಗಳನ್ನು ತೆಗೆಯಲು ಆದೇಶವಿಲ್ಲದ್ದರಿಂದ ಅವು ಕುರ್ಚಿಯ ಸುತ್ತ ಇಂದಿಗೂ ಇವೆ. ಬೇರೆ ಮಂಡಳಿಗಳ ಅಧಿಕಾರಿಗಳು ಈಗ ಆ "ಒಂದು" ಎಂಬುದರ ಪಕ್ಕ ನಿಂತು ಫೋಟೋ ತೆಗೆಸಿಕೊಳ್ಳುತ್ತಾರೆ. ತಮ್ಮ ಕಚೇರಿಯಲ್ಲಿ ಸಾವಿರಾರು ಬಾಕಿಯಿದ್ದರೂ ಇಷ್ಟು ನೆಟ್ಟಗಿನದು ಒಂದೂ ಇಲ್ಲವೆಂದು ಪುಸ್ತಕದಲ್ಲಿ ಬರೆಯುತ್ತಾರೆ.

ಹೆಡ್ ಕ್ಲರ್ಕಿಗೆ ಐವತ್ತೊಂದು ದಾಟಿತು, ಐವತ್ತೆರಡೂ ದಾಟಿತು. ಮೊನ್ನೆ ಐವತ್ತಮೂರು. ದಿನಾ ಬೆಳಿಗ್ಗೆ ಅವರು ಬೂಟಿನ ದಾರ ಎರಡೂ ಕಾಲಿಗೆ ಬಿಗಿದು, ಹೆಂಡತಿಯ ಜೊತೆ ಮುಕ್ಕಾಲು ಗಂಟೆ ನಡೆಯುತ್ತಾರೆ. ಪೇಟೆ ಬೀದಿಯಲ್ಲಿ ಮೊನ್ನೆಯಿಂದ ಮತ್ತೆ ನೀರು ಚಿಮ್ಮುತ್ತಿದೆ. ಬಾತುಕೋಳಿಗಳು ವಿಳಾಸ ಮರೆಯದೆ ಬಂದಿವೆ. ದಂಪತಿ ಕೊಡೆ ಬಿಚ್ಚಿಕೊಂಡು, ಸುಸ್ಥಿತಿಯಲ್ಲಿರುವ ಆ ಕೊಳವೆಯ ಕೆಳಗೆ, ಕೈ ಬೀಸಿಕೊಂಡು ಹಾದುಹೋಗುತ್ತಾರೆ. ಆಮೇಲೆ ಹೆಡ್ ಕ್ಲರ್ಕು ಕಚೇರಿಗೆ ಬಂದು, ಕೋನ್‌ಗಳ ನಡುವೆ ನುಸುಳಿ, ಮೊದಲು ಹಲಗೆಯ ಮೇಲಿನ "ಒಂದು" ಅಳಿಸಿಹೋಗಿಲ್ಲ ತಾನೇ ಎಂದು ನೋಡಿ, ಆಮೇಲೆ ಕೂರುತ್ತಾರೆ.