ಡಿಎಲ್‌ಎಲ್ಲೂ ನವಿಲಿನ ತೋಳೂ

ಹಳೆಯದನ್ನು ಕಂಡರೆ ಎಸೆಯುವ ಚಪಲ ನನಗಿದೆ. ಬಹಳ ವರ್ಷ ಇದನ್ನು ಶಿಸ್ತು ಎಂದೇ ತಿಳಿದುಕೊಂಡಿದ್ದೆ. ಮನೆಯಲ್ಲಿ ಮೂರು ಕತ್ತರಿ ಕಂಡರೆ ಎರಡನ್ನು ಎಸೆಯುತ್ತೇನೆ. ಎಸೆದ ಮೇಲೆ ಉಳಿದದ್ದು ಮೊಂಡು ಎಂದು ತಿಳಿಯುತ್ತದೆ. ನನ್ನ ಹೆಂಡತಿ ಸುವರ್ಣಾ ಇದಕ್ಕೆ ಹೊಂದಿಕೊಂಡು, ಬೇಕಾದ ವಸ್ತುಗಳನ್ನೆಲ್ಲ ನನ್ನ ಕೈಗೆ ಎಟುಕದಂತೆ ಇಡುತ್ತಾಳೆ. ಆದರೆ ಕಂಪ್ಯೂಟರನ್ನು ಅಟ್ಟದ ಮೇಲೆ ಇಡಲಾಗುವುದಿಲ್ಲವಲ್ಲ.

ನಾವು ಬೀದರ ಕಡೆಯವರು, ನಾಸಿಕದಲ್ಲಿ ನೆಲೆಸಿದವರು. ಓಝರ್ ಹತ್ತಿರದ ಕಾರ್ಖಾನೆಯೊಂದರಲ್ಲಿ ನಟ್ಟು ಬೋಲ್ಟುಗಳ ತಪಾಸಣೆ ನನ್ನ ಕೆಲಸ. ಸುವರ್ಣಾ ಮನೆಯಲ್ಲೇ ಬ್ಲೌಸುಗಳಿಗೆ ಮಷಿನ್ ಕಸೂತಿ ಹಾಕುತ್ತಾಳೆ. ಚಿತ್ರವನ್ನು ಮೊದಲು ಕಂಪ್ಯೂಟರಿನಲ್ಲಿ, ಒಂದು ಹಳೆಯ ಸಾಫ್ಟ್‌ವೇರಿನಲ್ಲಿ ಬರೆದುಕೊಳ್ಳಬೇಕು. ಆಗಷ್ಟೇ ಸಟಾಣಾದ ಒಬ್ಬ ಮದುಮಗಳ ಬ್ಲೌಸಿನ ತೋಳಿಗೆಂದು ಎಂಟು ದಿನ ಕೂತು ಒಂದು ಜೋಡಿ ನವಿಲು ಬರೆದಿದ್ದಳು. ಆ ವಾರದ ಭಾನುವಾರ ಮದುಮಗಳ ಮನೆಯವರು ಬ್ಲೌಸು ಒಯ್ಯಲು ಬರುವವರಿದ್ದರು.

ಬುಧವಾರ ನನಗೆ ರಜೆ. ಕಂಪ್ಯೂಟರ್ ನಿಧಾನವಾಗಿದೆ ಎಂದು ಅವಳು ಒಮ್ಮೆ ಅಂದದ್ದು ನೆನಪಾಗಿ, ಅದರೊಳಗೆ ಏನೇನಿದೆ ಎಂದು ಪಟ್ಟಿ ತೆರೆದೆ. ಒಂದೇ ಹೆಸರಿನ ಆರು ಸಾಮಾನು ಅಲ್ಲಿದ್ದವು. ಇಸವಿ ಮಾತ್ರ ಬೇರೆ ಬೇರೆ. ಹೊಸದೊಂದನ್ನು ಉಳಿಸಿ ಐದನ್ನೂ ತೆಗೆದುಹಾಕಿದೆ. ಮನಸ್ಸು ಹಗುರಾಯಿತು.

ಗುರುವಾರ ಸುವರ್ಣಾಳ ಸಾಫ್ಟ್‌ವೇರ್ ತೆರೆಯಲಿಲ್ಲ, ನವಿಲುಗಳು ಅದರೊಳಗೇ ಉಳಿದವು. ಯಾವುದೋ ಡಿಎಲ್‌ಎಲ್ ಫೈಲು ಸಿಗುತ್ತಿಲ್ಲ ಎಂಬ ಸಂದೇಶ ಬಂತು. ಅವಳು ಅಡುಗೆಮನೆಗೆ ಹೋದಾಗ ಆ ಫೈಲಿನ ಹೆಸರನ್ನು ಇಂಟರ್ನೆಟ್ಟಿನಲ್ಲಿ ಹುಡುಕಿ, ಕಂಡ ಮೊದಲ ತಾಣದಿಂದ ಇಳಿಸಿಕೊಂಡು, ಸಾಫ್ಟ್‌ವೇರಿನ ಫೋಲ್ಡರಿಗೆ ತುಂಬಿದೆ. ಈಗ ಸಂದೇಶವೇ ಬದಲಾಯಿತು. ಅಕ್ಷರಗಳ ಬದಲು ಬರೀ ಸೊನ್ನೆಗಳು.

ಶುಕ್ರವಾರ ಕೆಲಸದಿಂದ ಬಂದಾಗ ಸುವರ್ಣಾ ನೆಲದ ಮೇಲೆ ಕೂತು, ನೆನಪಿನಿಂದ ಕಾಗದದ ಮೇಲೆ ಪೆನ್ಸಿಲಿನಲ್ಲಿ ನವಿಲು ಬರೆಯುತ್ತಿದ್ದಳು. ಬೈದಿದ್ದರೆ ಎಷ್ಟೋ ವಾಸಿ ಇತ್ತು. ತನ್ನ ತಂಗಿಗೆ ಫೋನ್ ಮಾಡಿರುವುದಾಗಿ ಮಾತ್ರ ಹೇಳಿದಳು.

ತಂಗಿ ಮಹಾನಂದಾ ಸಂಭಾಜಿನಗರದ ಕಾಲೇಜೊಂದರಲ್ಲಿ ಕಂಪ್ಯೂಟರ್ ಕಲಿಸುತ್ತಾಳೆ. ಶನಿವಾರ ಮೊದಲ ಬಸ್ಸಿಗೇ ಹೊರಟು ಮಧ್ಯಾಹ್ನದೊಳಗೆ ಬಂದಳು. ಬಂದವಳೇ ಏನನ್ನೂ ಮುಟ್ಟಲಿಲ್ಲ. ಚಹಾ ಕುಡಿಯುತ್ತ, ತೆರೆಯ ಮೇಲಿನ ಸಂದೇಶವನ್ನು ಅಕ್ಷರ ಬಿಡದೆ ಬರೆದುಕೊಂಡಳು. ನಾನು ಆ ಸಂದೇಶವನ್ನು ಇಪ್ಪತ್ತು ಸಲ ಮುಚ್ಚಿದ್ದೆ, ಒಮ್ಮೆಯೂ ಪೂರ್ತಿ ಓದಿರಲಿಲ್ಲ.

“ಮಂಗಳವಾರ ನಡೀತಿತ್ತು, ಗುರುವಾರ ನಡೀಲಿಲ್ಲ. ನಡುವ ಏನು ಬದಲಾತು, ಮಾಮಾ?” ಎಂದು ಕೇಳಿದಳು.

ಏನೂ ಇಲ್ಲವೆಂದೆ. ಅವಳು ಪಟ್ಟಿ ತೆರೆದು ನೋಡಿದಳು, ಆಮೇಲೆ ಫೋಲ್ಡರ್ ತೆರೆದು ಗುರುವಾರ ಬಂದು ಕೂತಿದ್ದ ಆ ಹೊಸ ಫೈಲನ್ನು ನೋಡಿದಳು, ಕೊನೆಗೆ ನನ್ನನ್ನು ನೋಡಿದಳು. ಸುವರ್ಣಾ ಆಗ ಒಳಗಿದ್ದಳು.

“ನಿಮ್ಮ ಕಾರ್ಖಾನಿಯೊಳಗ ರಸ್ತಾದಾಗ ಸಿಕ್ಕ ಬೋಲ್ಟ್ ಹಾಕ್ತೀರೇನ್ರಿ?”

ಎಲ್ಲಿಂದ ಬಂತು ಎಂಬ ಕಾಗದವಿಲ್ಲದ ಒಂದು ವಾಷರನ್ನೂ ನಾನು ಒಳಗೆ ಬಿಟ್ಟವನಲ್ಲ. ಎಲ್ಲವನ್ನೂ ಒಪ್ಪಿಕೊಂಡೆ. ಅವಳು ನಗಲಿಲ್ಲ, ಕಾಲೇಜಿನಲ್ಲಿ ಹೇಳುವಷ್ಟೇ ಸಮಾಧಾನದಿಂದ ತಿಳಿಸಿದಳು. ಡಿಎಲ್‌ಎಲ್ ಎಂದರೆ ಹತ್ತಾರು ಪ್ರೋಗ್ರಾಮುಗಳು ಹಂಚಿಕೊಂಡು ಬಳಸುವ ಫೈಲು. ಪ್ರತಿಯೊಂದೂ ಎಲ್ಲವನ್ನೂ ತಾನೇ ಹೊತ್ತು ತರುವುದಿಲ್ಲ. ಆದರೆ ಹಳೆಯ ಪ್ರೋಗ್ರಾಮಿಗೆ ಅದರ ಇಸವಿಯದೇ ಬೇಕು, ಹೊಸದು ಇದೆಯೆಂದು ಹಳೆಯದು ದಂಡವಲ್ಲ.

ನಾನು ತುಂಬಿದ್ದ ಫೈಲನ್ನು ಅಳಿಸಿ, ವೈರಸ್ ಇದೆಯೇ ಎಂದು ಇಡೀ ಕಂಪ್ಯೂಟರನ್ನು ತಪಾಸಣೆಗೆ ಹಚ್ಚಿದಳು. ಅದು ಮುಗಿದ ಮೇಲೆ ಸಾಫ್ಟ್‌ವೇರ್ ತೆರೆದರೆ, ಸೊನ್ನೆಗಳು ಹೋಗಿ ಮೊದಲಿನ ಸಂದೇಶವೇ ವಾಪಸ್ ಬಂತು. ಎಲ್ಲ ಮತ್ತೆ ಕೆಟ್ಟಿತೆಂದು ನಾನು ಅಂದುಕೊಂಡೆ. ಅವಳಿಗೋ ಖುಷಿ. “ಛಲೋ ಆತು. ಈಗ ಒಂದೇ ತಪ್ಪು ಉಳೀತು,” ಎಂದಳು. ತಪ್ಪು ಕಂಡು ಇಷ್ಟು ಹಿಗ್ಗುವವರನ್ನು ನಾನು ಬೇರೆಲ್ಲೂ ನೋಡಿಲ್ಲ. ಆಮೇಲೆ, ಫೈಲು ತಯಾರಿಸಿದ ಕಂಪನಿಯದೇ ತಾಣದಿಂದ ಬೇಕಾದ ಇಸವಿಯದನ್ನು ಇಳಿಸಿದಳು. ಅಲ್ಲಿ ಎರಡು ಬಗೆ ಇದ್ದವು, 32 ಬಿಟ್ಟಿನದು ಮತ್ತು 64 ಬಿಟ್ಟಿನದು. ನಾನು ದೊಡ್ಡದರ ಕಡೆ ಬೆರಳು ತೋರಿಸಿದೆ. ನೋಡಬೇಕಾದ್ದು ಕಂಪ್ಯೂಟರ್ ಎಷ್ಟು ಹೊಸದು ಎಂದಲ್ಲ, ಸಾಫ್ಟ್‌ವೇರ್ ಎಂಥದ್ದು ಎಂದು ಹೇಳಿ ಅವಳು ಚಿಕ್ಕದನ್ನು ಒತ್ತಿದಳು. ಹತ್ತು ನಿಮಿಷದಲ್ಲಿ ತೆರೆಯ ಮೇಲೆ ಎರಡು ನವಿಲು ಕತ್ತು ಕೊಂಕಿಸಿಕೊಂಡು ನಿಂತಿದ್ದವು, ಒಂದು ಗರಿಯೂ ಕೊಂಕಿರಲಿಲ್ಲ.

“ಅಕ್ಕಗ ನೀವೇ ಹೇಳ್ರಿ,” ಎಂದು ಮೆಲ್ಲಗೆ ಹೇಳಿ ಅವಳು ಕೈ ತೊಳೆಯಲು ಹೋದಳು.

ಹೇಳಿದೆ. ಸುವರ್ಣಾ ಪೆನ್ಸಿಲಿನ ನವಿಲಿದ್ದ ಕಾಗದವನ್ನು ಮಡಚಿಟ್ಟು, “ನವಿಲು ಬಂದಾವಲ್ಲ, ಸಾಕು ಬಿಡ್ರಿ,” ಎಂದು ಮಷಿನ್ ಮುಂದೆ ಕೂತಳು. ಭಾನುವಾರ ಮದುಮಗಳು ತೋಳಿನ ಮೇಲೆ ಕೈಯಾಡಿಸುತ್ತ ನಿಂತಾಗ ನಾನೂ ಬಾಗಿಲಲ್ಲಿ ನಿಂತು ನೋಡಿದೆ.

ಊರಿಗೆ ಹೊರಡುವ ಮೊದಲು ಮಹಾನಂದಾ ಕಂಪ್ಯೂಟರಿನಲ್ಲಿ ನನಗೆಂದೇ ಬೇರೆ ಖಾತೆ ಮಾಡಿ, ಅದಕ್ಕೆ ‘ಮಾಮಾ’ ಎಂದು ಹೆಸರಿಟ್ಟಳು. ಎಷ್ಟು ಗೌರವ ಅಂದುಕೊಂಡು ಕಾರ್ಖಾನೆಯಲ್ಲಿ ನಾಲ್ಕು ಜನರ ಮುಂದೆ ಹೇಳಿದೆ. ಅವರಲ್ಲೊಬ್ಬ, ತನ್ನ ಮನೆಯಲ್ಲೂ ಐದು ವರ್ಷದ ಮಗಳಿಗೆ ಅಂಥದ್ದೇ ಖಾತೆ ಮಾಡಿದ್ದಾನಂತೆ. ಅದರಲ್ಲಿ ಆಟ ಆಡಬಹುದು, ಏನನ್ನೂ ತೆಗೆದುಹಾಕಲು ಬರುವುದಿಲ್ಲವಂತೆ.

ನಿಜವೋ ಸುಳ್ಳೋ ನೋಡೋಣವೆಂದು ನಿನ್ನೆ ನನ್ನ ಖಾತೆಯಲ್ಲಿ ಪಟ್ಟಿ ತೆರೆದು, ಒಂದನ್ನು ತೆಗೆದುಹಾಕಲು ಒತ್ತಿದೆ. ಸುವರ್ಣಾಳ ಪಾಸ್‌ವರ್ಡ್ ಕೇಳಿತು. ಹಿಂದಿನಿಂದ ಅವಳ ದನಿ ಬಂತು: “ಏನು ಬೇಕಾಗಿತ್ರಿ?”

“ಏನಿಲ್ಲ, ಟೈಮ್ ನೋಡ್ಲಕತ್ತಿದ್ದೆ,” ಎಂದೆ.