ಅಂಬರಗುಬ್ಬಿಯ ಕೆಸರೂ ನನ್ನ ಆರಾಮಕುರ್ಚಿಯೂ

ಹಟದಲ್ಲಿ ನಮ್ಮ ಮನೆತನವನ್ನು ಮೀರಿಸುವವರಿಲ್ಲ ಎಂದು ನಾನು ಬಹಳ ದಿನ ನಂಬಿದ್ದೆ. ಆ ನಂಬಿಕೆಯನ್ನು ಅಲುಗಾಡಿಸಿದ್ದು ಒಂದು ಜೋಡಿ ಅಂಬರಗುಬ್ಬಿ.

ಆಗ ನಾನು ಖಡಕಿಯ ದಂಡಿನ ಕಚೇರಿಯೊಂದರಲ್ಲಿ ಗುಮಾಸ್ತ. ಪುಣೆಯ ಹಳೆಯ ವಾಡೆಯೊಂದರಲ್ಲಿ ಅಪ್ಪ, ಹೆಂಡತಿ, ನಾನು ಬಾಡಿಗೆಗಿದ್ದೆವು. ಕಚೇರಿಯಲ್ಲಿ ಬಿಳಿಯ ಸಾಹೇಬನ ದರ್ಬಾರು, ಮನೆಯಲ್ಲಿ ಹೆಂಡತಿಯದು. ನನ್ನದೆಂದು ಹೇಳಿಕೊಳ್ಳಲು ಇದ್ದದ್ದು ಪಡಸಾಲೆಯ ಆರಾಮಕುರ್ಚಿ ಒಂದೇ. ಆ ಬೇಸಗೆಯಲ್ಲಿ ಸರಿಯಾಗಿ ಅದರ ಮೇಲಿನ ತೊಲೆಗೆ ಹಕ್ಕಿಗಳು ಗೂಡು ಕಟ್ಟತೊಡಗಿದವು. ಕವಲು ಬಾಲ, ಸೊಂಟದ ಹತ್ತಿರ ಇಟ್ಟಿಗೆ ಕೆಂಪು. ದಿನವಿಡೀ ಗಾಳಿಯಲ್ಲೇ ಸುಳಿದಾಡಿ ಹುಳ ಹಿಡಿಯುವ ಈ ಮಹಾನುಭಾವರು ನೆಲಕ್ಕಿಳಿಯುವುದು ಕೆಸರಿಗಾಗಿ ಮಾತ್ರ. ಕೊಕ್ಕಿನಲ್ಲಿ ತಂದ ಕೆಸರನ್ನು ಗುಳಿಗೆ ಗುಳಿಗೆಯಾಗಿ ಅಂಟಿಸಿ, ಮಲಗಿಸಿದ ಹೂಜಿಯಂಥ ಮನೆ ಕಟ್ಟುತ್ತವೆ. ಅಂಟದ ಗುಳಿಗೆಗಳೆಲ್ಲ ನನ್ನ ಬೋಳುತಲೆಗೆ ಬೀಳುತ್ತಿದ್ದವು. ಕೋಲಿನಿಂದ ಕೆಡವಿ ಕಚೇರಿಗೆ ಹೋದರೆ, ಸಂಜೆಗೆ ಮತ್ತೆ ಪಾಯ ಎದ್ದಿರುತ್ತಿತ್ತು. ಕುರ್ಚಿ ಸರಿಸಿಕೊಳ್ಳಬಾರದೇ ಎಂದಳು ಹೆಂಡತಿ. ಸರಿಸಿದರೆ ಸೋತಂತೆ, ನಾನು ಒಪ್ಪಲಿಲ್ಲ.

ಈ ಉರಿಬಿಸಿಲಿನಲ್ಲಿ ಇವಕ್ಕೆ ಕೆಸರಾದರೂ ಎಲ್ಲಿ ಸಿಗುತ್ತದೆ? ಒಂದು ರವಿವಾರ ಕಾದು ಕೂತೆ. ಹೆಂಡತಿ ಅಂಗಳಕ್ಕೆ ನೀರು ಹೊಡೆದು ರಂಗೋಲಿ ಹಾಕಿ ಒಳಗೆ ಹೋದದ್ದೇ ತಡ, ಎರಡೂ ಅಲ್ಲೇ ಇಳಿದವು. ಶತ್ರುವಿಗೆ ಸರಬರಾಜು ನಮ್ಮ ಮನೆಯಿಂದಲೇ ನಡೆದಿತ್ತು! ನಾಳೆಯಿಂದ ಅಂಗಳಕ್ಕೆ ಹನಿ ನೀರು ಬೀಳಕೂಡದು ಎಂದು ಅಪ್ಪಣೆ ಮಾಡಿದೆ. ಆಕೆ ನನ್ನ ಮುಖವನ್ನೇ ನೋಡಿ, "ನೀವ ಹೇಳೀರಿ. ನೆನಪ ಇರ್ಲಿ" ಎಂದಳು. ಅಷ್ಟು ಸುಲಭಕ್ಕೆ ಒಪ್ಪಿದಾಗಲೇ ನನಗೆ ಸಂಶಯ ಬರಬೇಕಿತ್ತು.

ಮೂರನೆಯ ದಿನ, ಹಕ್ಕಿಗಳು ಒಣ ಅಂಗಳದ ಮೇಲೆ ಸುತ್ತು ಹೊಡೆಯುವುದನ್ನು ಕಂಡು ನಾನು ಹಿಗ್ಗುತ್ತಿದ್ದಾಗ, ಓಣಿಯ ಜವಳಿ ವ್ಯಾಪಾರಿ ದೇಸಾಯರು ಬಂದರು. ಗದಗಿನವರು, ಮಾತಿನ ಮಲ್ಲರು. ಅಂದು ಮಾತಿಲ್ಲದೆ ನನ್ನ ಕೈ ಹಿಡಿದು ಕೂತರು. ಆಮೇಲೆ ಕಣ್ಣೊರೆಸಿಕೊಂಡು, "ನಿಮ್ಮ ತಂದೆಯವರು ಭಾಳ ದೊಡ್ಡ ಮನುಷ್ಯಾರು. ಯಾವಾಗ ಹೋದ್ರು?" ಎಂದರು.

ಒಳಗೆ ಅಡಕೊತ್ತಿನ ಸಪ್ಪಳ ನಿಂತಿತು. ಅಪ್ಪ ಅಡಿಕೆ ಹಿಡಿದೇ ಹೊರಗೆ ಬಂದರು.

"ನಾ ಎಲ್ಲಿಗೆ ಹೋಗಬೇಕಾಗಿತ್ತರೀ, ದೇಸಾಯರ?"

ನೀರು, ರಂಗೋಲಿ ಕಾಣದ ಅಂಗಳವೆಂದರೆ ನಮ್ಮವರಲ್ಲಿ ಸಾವಿನ ಮನೆ. ಯಾರೂ ಬಾಯಿಬಿಟ್ಟು ಹೇಳಬೇಕಾಗಿಲ್ಲ. ಮನೆಯಲ್ಲಿ ವಯಸ್ಸಾದವರು ಅಪ್ಪ ಒಬ್ಬರೇ ಆದ್ದರಿಂದ ಓಣಿಯವರು ಅವರನ್ನೇ ಆರಿಸಿಕೊಂಡಿದ್ದರು. ನಾಚಿಕೆಯಿಂದ ನನಗೆ ತಲೆ ಎತ್ತಲಾಗಲಿಲ್ಲ. ಹೆಂಡತಿ ಬಾಗಿಲ ಮರೆಯಲ್ಲಿ ಸೆರಗು ಬಾಯಿಗೆ ಒತ್ತಿಕೊಂಡು ನಿಂತಿದ್ದಳು.

ಮರುದಿನದಿಂದ ಅಂಗಳಕ್ಕೆ ನೀರು ಹೊಡೆಯುವ ಕೆಲಸವನ್ನು ಅಪ್ಪನೇ ಕಿತ್ತುಕೊಂಡರು. ತಾವು ಬದುಕಿರುವುದು ಇಡೀ ಓಣಿಗೆ ಕಾಣಲಿ ಎಂದು ಕೊಡಗಟ್ಟಲೆ ಸುರಿದರು. ಹಟ ಮನೆತನದ್ದೇ ನೋಡಿ. ಅಂಬರಗುಬ್ಬಿಗಳು ಆ ಕೆಸರಿನ ಸುಗ್ಗಿಯಲ್ಲಿ ಗೂಡು ಮುಗಿಸಿ, ಒಳಗೆ ಪುಕ್ಕ ಹಾಸಿ, ಮೊಟ್ಟೆಯನ್ನೂ ಇಟ್ಟವು.

ಆದರೂ ಕುರ್ಚಿಯನ್ನು ನಾನು ಸರಿಸಲಿಲ್ಲ. ಮರಿಗಳು ಹಾರಿಹೋಗುವ ತನಕ ಪಡಸಾಲೆಯೊಳಗೆ ಕೊಡೆ ಬಿಚ್ಚಿಕೊಂಡು ಕೂತೆ. ದೇಸಾಯರು ಬಂದಾಗಲೆಲ್ಲ ಮೊದಲು ಅಂಗಳ ನೋಡುತ್ತಿದ್ದರು, ಆಮೇಲೆ ಕೊಡೆಯ ಕೆಳಗಿದ್ದ ನನ್ನನ್ನು ನೋಡುತ್ತಿದ್ದರು. ಕಡೆಗೆ ಅಪ್ಪನ ಕೈ ಹಿಡಿದು ಮಾತಿಲ್ಲದೆ ಕೂರುತ್ತಿದ್ದರು.