ಸ್ಟೇಷನ್ನಿನ ಅಳತೆಯಲ್ಲಿ ಕಟ್ಟಿಸಿದ ಹೊಲಿಗೆ ಕೋಣೆ

ಮನೆ ಕಟ್ಟಿಸುವವರೆಲ್ಲ ಯಾವುದೋ ಒಂದು ಕಟ್ಟಡವನ್ನು ಕಣ್ಣಲ್ಲಿಟ್ಟುಕೊಂಡೇ ಕಟ್ಟಿಸುತ್ತಾರೆ, ಬಾಯಿಬಿಟ್ಟು ಹೇಳುವುದಿಲ್ಲ ಅಷ್ಟೆ. ಒಬ್ಬರಿಗೆ ಸಾಹುಕಾರರ ಬಂಗಲೆ, ಇನ್ನೊಬ್ಬರಿಗೆ ಟಿ.ವಿ.ಯಲ್ಲಿ ಕಂಡ ಮನೆ. ನಮ್ಮ ಬೀದಿಯಲ್ಲೇ ಒಬ್ಬರು ಕಲ್ಯಾಣಮಂಟಪದ ಹಾಗೆ ಮುಂದೆ ಕಂಬ ನಿಲ್ಲಿಸಿ, ಆಮೇಲೆ ಸ್ಕೂಟರ್ ಒಳಗೆ ತರಲು ದಾರಿಯಿಲ್ಲದೆ ಒದ್ದಾಡಿದರು. ಅವರನ್ನು ನೋಡಿ ನಾನು ಹೊಟ್ಟೆ ತುಂಬ ನಕ್ಕಿದ್ದೆ. ನಾನು ಕಣ್ಣಲ್ಲಿಟ್ಟುಕೊಂಡಿದ್ದು ರಾಯದುರ್ಗದ ರೈಲ್ವೆ ಸ್ಟೇಷನ್ನು.

ಆ ಸ್ಟೇಷನ್ನನ್ನು ಬಿಳಿಯರು ಕಟ್ಟಿದರು ಎನ್ನುತ್ತಾರೆ. ಕಲ್ಲು ಹೊತ್ತವರಂತೂ ಬಿಳಿಯರಾಗಿರಲಾರರು. ಮೂರನೇ ಕ್ಲಾಸು ಓದಿದ ನನಗೆ ಅದಕ್ಕಿಂತ ಹೆಚ್ಚಿನ ಚರಿತ್ರೆ ಗೊತ್ತಿಲ್ಲ. ನಾನು ಸೊಸೆಯಾಗಿ ಈ ಊರಿಗೆ ಬಂದಾಗ ಹಳಿ ಇಲ್ಲಿಗೇ ಮುಗಿಯುತ್ತಿತ್ತು. ಬಳ್ಳಾರಿಯಿಂದ ಬಂದ ಸಣ್ಣ ರೈಲಿಗೆ ಮುಂದೆ ದಾರಿಯಿಲ್ಲ. ಇಂಜಿನ್ನು ಕಳಚಿಕೊಂಡು, ಆ ಕಡೆಯಿಂದ ಸುತ್ತಿ ಬಂದು, ಹಿಂದಿದ್ದ ಬಾಲಕ್ಕೆ ತಾನೇ ತಲೆಯಾಗಿ ಮತ್ತೆ ಬಳ್ಳಾರಿಗೇ ಹೋಗುತ್ತಿತ್ತು. ಆಮೇಲೆ ದೊಡ್ಡ ಹಳಿ ಬಂತು, ಮುಂದಿನ ಊರುಗಳಿಗೂ ಹೋಯಿತು. ಪ್ಲಾಟ್‌ಫಾರಂ ಎತ್ತರಿಸಿದ್ದರಿಂದ ಹಳೆಯ ಕಟ್ಟಡ ಮೊಣಕಾಲಿನವರೆಗೆ ಹೂತುಹೋದಂತೆ ಕಾಣತೊಡಗಿತು. ಆದರೆ ಗೋಡೆ ಅದೇ ಗೋಡೆ. ಒಂದು ಮೊಳಕ್ಕಿಂತ ದಪ್ಪ ಕಲ್ಲು, ತಲೆಯೆತ್ತಿ ನೋಡಿದರೆ ಕುತ್ತಿಗೆ ನೋಯುವಷ್ಟು ಎತ್ತರದ ಸೂರು, ಸೂರಿನ ಕೆಳಗೆ ಬಿಸಿಗಾಳಿ ಹೊರಗೆ ಹೋಗಲು ಸಣ್ಣ ಸಣ್ಣ ಕಿಂಡಿ, ಮುಂದೆ ಅಗಲವಾದ ಜಗಲಿ. ಬೇಸಿಗೆಯಲ್ಲಿ ಹೊರಗೆ ಬೆಟ್ಟದ ಕೋಟೆ ಹೆಂಚಿನ ಹಾಗೆ ಕಾದಿದ್ದರೂ ಒಳಗಿನ ಬೆಂಚು ತಣ್ಣಗಿರುತ್ತಿತ್ತು. ಬಳ್ಳಾರಿಗೆ, ಬೆಂಗಳೂರಿಗೆ ಎಂದು ಕೂಲಿಗೆ ಹೋಗಿ ಬಂದ ವರ್ಷಗಳಲ್ಲೆಲ್ಲ ಆ ಬೆಂಚಿನ ಮೇಲೆ ಕೂತವಳು ನಾನು. ನನ್ನ ಯಜಮಾನರು ಅಲ್ಲಿ ಮಾಡಿದಷ್ಟು ನಿದ್ದೆಯನ್ನು ಮನೆಯಲ್ಲಿ ಯಾವತ್ತೂ ಮಾಡಲಿಲ್ಲ. ಅವರು ಮಲಗಿದ್ದಾಗ ಎರಡು ಸಲ ರೈಲು ಹೋಗಿಬಿಟ್ಟಿದೆ.

ಈಚೆಗೆ ನನ್ನ ಸೊಸೆ ಸುಜಾತ ಬೆಂಗಳೂರಿನ ಗಾರ್ಮೆಂಟ್ಸ್ ಕೆಲಸ ಬಿಟ್ಟು ಊರಿಗೆ ಬಂದಳು. ಇಲ್ಲೇ ಜೀನ್ಸ್ ಹೊಲಿಗೆ ಸಿಗುವಾಗ ಅಲ್ಲಿ ಯಾಕೆ ಒಂದು ಕೋಣೆಯಲ್ಲಿ ಆರು ಜನ ಉಸಿರು ಕಟ್ಟಿ ಮಲಗಬೇಕು ಎಂಬುದು ಅವಳ ಲೆಕ್ಕ. ಲೆಕ್ಕ ಸರಿಯಾಗಿಯೇ ಇತ್ತು. ಕತ್ತರಿಸಿದ ಬಟ್ಟೆಯನ್ನು ಏಜೆಂಟ್ ಬಾಷಾ ಮನೆಗೇ ತಂದುಕೊಡುತ್ತಾನೆ, ಇವಳು ಹಿಂಜೇಬು ಹೊಲಿದು ಕೊಡಬೇಕು. ಮಿಷಿನ್ ಇಡಲು ಒಂದು ಕೋಣೆ ಬೇಕು. ಜಾಗ ನನ್ನ ಹೆಸರಿನಲ್ಲಿತ್ತು, ಆದ್ದರಿಂದ ಬುದ್ಧಿಯೂ ನನ್ನದೇ ನಡೆಯಿತು.

ಮಡಕಶಿರಾ ಕಡೆಯ ಮೇಸ್ತ್ರಿ ತಿಮ್ಮರಾಯಪ್ಪನನ್ನು ಸ್ಟೇಷನ್ನಿಗೆ ಕರೆದುಕೊಂಡು ಹೋಗಿ, ಗೋಡೆಗೆ ಕೈಹಚ್ಚಿ ತೋರಿಸಿದೆ. ಅವನು ಸೂರು ನೋಡಿದ, ನನ್ನನ್ನು ನೋಡಿದ.

“ಇದು ರೈಲು ನಿಲ್ಲೋ ಜಾಗ ಕಣಮ್ಮೋ. ನಿಮ್ಮನೆಗೆ ಬರೋದು ಒಂದು ಮಿಷಿನ್ನು.”

“ನೀ ಗ್ವಾಡಿ ಕಟ್ಟು. ಏನು ಬರ್ತೈತಿ ಅಂತ ನಾ ನೋಡ್ಕೋತೀನಿ,” ಎಂದೆ.

ಅಳತೆ ಹಿಡಿಯುತ್ತಿದ್ದ ನಮ್ಮನ್ನು ಕಂಡು ರೈಲ್ವೆಯವರೊಬ್ಬರು ಬಂದು ಏನು ಸಮಾಚಾರ ಎಂದು ಕೇಳಿದರು. “ನಮ್ಮ ಮನಿಗೆ ಇಂಥದ್ದೊಂದು ಬೇಕಾಗೇತ್ರಿ,” ಎಂದೆ. ಅವರು ತಲೆಯಾಡಿಸುತ್ತಾ ಹೊರಟುಹೋದರು.

ಕೋಣೆ ಏಳುವಾಗ ಸುಜಾತ ಒಂದೇ ಒಂದು ಮಾತು ಕೇಳಿದಳು. “ಅತ್ತೀ, ಮಿಷಿನ್ ಎದುರಿಗೆ ಒಂದು ದೊಡ್ಡ ಕಿಟಕಿ ಬಿಡಸ್ರಿ.”

“ಕಿಟಕಿ ಬಿಟ್ರ ಬಿಸಿಲು ಒಳಗ ಬರ್ತೈತಿ. ಸ್ಟೇಷನ್ಯಾಗ ಎಲ್ಲೈತಿ ಕಿಟಕಿ? ಮ್ಯಾಲ ಕಿಂಡಿ ಸಾಕು.”

ಕೋಣೆ ಮುಗಿಯಿತು. ತಂಪೆಂದರೆ ತಂಪು. ಗೋಡೆಗೆ ಒಂದು ಕಲ್ಲುಬೆಂಚನ್ನೂ ಹಾಕಿಸಿದೆ. ಬೀದಿಯ ಹೆಂಗಸರೆಲ್ಲ ಮಧ್ಯಾಹ್ನ ಬಂದು ಕೂತು, “ಬಳ್ಳಾರಿ ಗಾಡಿ ಎಷ್ಟೊತ್ತಿಗೆ ಬರ್ತೈತಬೇ?” ಎಂದು ಗೇಲಿ ಮಾಡಿದರು. ಗೇಲಿ ಮಾಡಿದವರು ಯಾರೂ ಬೇಗ ಎದ್ದುಹೋಗಲಿಲ್ಲ, ಅದನ್ನು ನಾನು ಗಮನಿಸಿದೆ.

ಬಾಷಾ ಒಂದು ದಿನ ಒಯ್ದ ಬಂಡಲನ್ನು ಹಾಗೇ ಹೊತ್ತುಕೊಂಡು ವಾಪಸ್ ಬಂದ. ಒಂದು ಪ್ಯಾಂಟನ್ನು ಬಿಡಿಸಿ ನನ್ನ ಮುಖದ ಮುಂದೆ ಹಿಡಿದ.

“ಚೂಡಮ್ಮಾ, ನೋಡಿಲ್ಲಿ! ಒಂದು ಜೇಬು ಅನಂತಪುರ ನೋಡ್ತೈತಿ, ಇನ್ನೊಂದು ಬಳ್ಳಾರಿ ನೋಡ್ತೈತಿ. ಇದನ್ನ ಯಾರು ಹಾಕ್ಕೋಬೇಕು?”

ನೀಲಿ ಬಟ್ಟೆಯ ಮೇಲೆ ನೀಲಿ ದಾರ. ಕಿಟಕಿಯಿಲ್ಲದ ಕೋಣೆಯ ಕತ್ತಲೆಯಲ್ಲಿ ಅದು ಯಾರಿಗೆ ಕಾಣಬೇಕು? ಟ್ಯೂಬ್‌ಲೈಟ್ ಹಾಕೋಣವೆಂದರೆ ಹೊಲಿಗೆಯ ಹೊತ್ತಿಗೇ ಕರೆಂಟ್ ಹೋಗುತ್ತಿತ್ತು. ಇನ್ನೊಂದು ಬಂಡಲ್ ಹೀಗಾದರೆ ಬೇರೆ ಮನೆ ನೋಡಿಕೊಳ್ಳುತ್ತೇನೆ ಎಂದು ಬಾಷಾ ಹೇಳಿಹೋದ. ಸುಜಾತ ನನ್ನನ್ನು ಬೈಯಲಿಲ್ಲ. ಅಟ್ಟದ ಮೇಲಿನ ಬ್ಯಾಗನ್ನು ಇಳಿಸಿ ಧೂಳು ಒರೆಸಿದಳು. “ಬೆಂಗಳೂರಾಗ ಬೆಳಕರ ಚೆಂದ ಇತ್ರಿ ಅತ್ತೀ,” ಎಂದಳು. ಬೈದಿದ್ದರೆ ನಾನು ತಿರುಗಿ ಬೈಯುತ್ತಿದ್ದೆ, ಇಬ್ಬರಿಗೂ ಹಗುರವಾಗುತ್ತಿತ್ತು.

ಸುಮ್ಮನೆ ಕೂರಲಾಗದೆ ಸ್ಟೇಷನ್ನಿಗೆ ನಡೆದೆ. ಇಷ್ಟು ವರ್ಷ ಇಲ್ಲಿ ಕೆಲಸ ಮಾಡಿದವರು ಕುರುಡರೇನು, ಅವರು ಹೇಗೆ ಬರೆಯುತ್ತಿದ್ದರು ಎಂದು ನೋಡಬೇಕಾಗಿತ್ತು. ನೋಡಿದೆ. ಟಿಕೆಟ್ ಕೊಡುವವರು ಹಾಡುಹಗಲಲ್ಲಿ ತಲೆಯ ಮೇಲೆ ದೀಪ ಉರಿಸಿಕೊಂಡು ಕೂತಿದ್ದರು. ಇನ್ನೊಬ್ಬರು ಯಾವುದೋ ಕಾಗದ ಓದಲು ಎದ್ದು ಬಾಗಿಲಿಗೆ ಬಂದರು. ತಣ್ಣಗೆ, ಸುಖವಾಗಿ, ಬಾಯಿ ತೆರೆದು ಮಲಗಿದ್ದವನು ಬೆಂಚಿನ ಮೇಲಿನ ಪ್ರಯಾಣಿಕ ಒಬ್ಬನೇ. ಆ ಕೋಣೆಯ ಸುಖವೆಲ್ಲ ಕಾಯುವವರಿಗೆ ಮಾತ್ರ. ನಾನು ಅಲ್ಲಿ ಕಾದಿದ್ದೇನೆಯೇ ಹೊರತು ಒಂದು ದಿನವೂ ದುಡಿದಿಲ್ಲ. ಹೊಲಿಯುವವಳಿಗೆ ಕೋಣೆ ಕಟ್ಟಿಸಲು ಹೋಗಿ ಮಲಗುವವನಿಗೆ ಕಟ್ಟಿಸಿದ್ದೆ.

ತಿಮ್ಮರಾಯಪ್ಪ ಉಳಿ ಸುತ್ತಿಗೆ ಹಿಡಿದು ಮತ್ತೆ ಬಂದ. ಗೋಡೆಯನ್ನು ಒಂದು ಸಲ ತಟ್ಟಿ, “ಎಂಗೈತೆ ಗೋಡೆ? ಗಟ್ಟಿಯಾಗೈತಾ?” ಎಂದು ನನ್ನನ್ನೇ ಕೇಳಿದ. ನಾನು ಚಹಾ ತರುವ ನೆಪದಲ್ಲಿ ಒಳಗೆ ಹೋದೆ. ಕೋಣೆ ಕಟ್ಟುವಾಗ ಅವನು ಅಷ್ಟು ಬೆವರಿರಲಿಲ್ಲ.

ಈಗ ಮಿಷಿನ್ ಎದುರಿಗೆ ದೊಡ್ಡ ಕಿಟಕಿಯಿದೆ. ಜೇಬುಗಳೆಲ್ಲ ಒಂದೇ ಊರನ್ನು ನೋಡುತ್ತವೆ. ಬಾಷಾ ಬಾಗಿಲಿಗೆ ಬರುವುದನ್ನೇ ಬಿಟ್ಟು, ಕಿಟಕಿಯಿಂದಲೇ ಬಂಡಲ್ ಕೊಟ್ಟು ಬಂಡಲ್ ತೆಗೆದುಕೊಳ್ಳುತ್ತಾನೆ. ಬ್ಯಾಗು ಅಟ್ಟಕ್ಕೆ ಹೋಯಿತು. ನನ್ನ ತಣ್ಣನೆಯ ಬೆಂಚಿಗೆ ಮಾತ್ರ ಬೆಳಗಿನಿಂದ ಬಿಸಿಲು ಹೊಡೆಯುತ್ತದೆ. ಅದನ್ನು ತಪ್ಪಿಸಿಕೊಳ್ಳಲು ನಾನು ಕಿಟಕಿಯ ಅಂಚಿಗೆ ಒರಗಿ ಕೂರುತ್ತೇನೆ. ಕೂತ ಸ್ವಲ್ಪ ಹೊತ್ತಿಗೇ ಮಿಷಿನ್ನಿನ ಸದ್ದು ನಿಲ್ಲುತ್ತದೆ.

“ಅತ್ತೀ, ಬೆಳಕಿಗೆ ಅಡ್ಡ ಆಗೀರಿ. ಸ್ವಲ್ಪ ಸರೀರಿ.”

ಗೋಡೆಯನ್ನು ಅಡ್ಡದಿಂದ ತೆಗೆಯಲು ಉಳಿ ಸುತ್ತಿಗೆ ಬೇಕಾಯಿತು. ನನಗೆ ಒಂದು ಮಾತು ಸಾಕು. ಗೊಣಗಿಕೊಂಡಾದರೂ ಸರಿಯುತ್ತೇನೆ.